ಚಿನು ಎಲ್ಲಿಗೆ ಹೋಗಿದ್ದಳು?

ಸಂಘದ ವಾಟ್ಸಾಪ್ ಗ್ರೂಪಿನಲ್ಲಿ ಈ ಸಲ ಯಾವ ಸಿನಿಮಾ ಹಾಕೋಣ ಅಂತ ಕೇಳಿದ್ದಕ್ಕೆ ಬಂದ ಬೇಡಿಕೆಗಳು ಮೂರು. ಲವ್ ಇರಬೇಕು. ಥ್ರಿಲ್ಲರ್ ಆಗಿರಬೇಕು. ಮನೆಯವರ ಜೊತೆ ಕೂತು ನೋಡುವಂತೆ ಫ್ಯಾಮಿಲಿ ಕಥೆಯೂ ಇರಬೇಕು. ನಾವು ಮೂರನ್ನೂ ಒಪ್ಪಿಕೊಂಡು, ಮೃಣಾಲ್ ಸೇನ್ ಅವರ 1979ರ ಬೆಂಗಾಲಿ ಸಿನಿಮಾ ‘ಏಕ್ ದಿನ್ ಪ್ರತಿದಿನ್’ ಹಾಕಿದ್ವಿ. ಸಿನಿಮಾ ಮುಗಿದ ಮೇಲೆ ಒಂದಿಬ್ಬರು ನಮ್ಮನ್ನ ಹಿಡಿದು, ‘ಲವ್ ಎಲ್ಲಪ್ಪಾ ಇತ್ತು?’ ಅಂತ ಜಗಳಕ್ಕೇ ನಿಂತರು. ನ್ಯಾಯವಾದ ಪ್ರಶ್ನೆ. ಅದಕ್ಕೆ ಉತ್ತರ ಕೊಡೋಕೇ ಈ ಲೇಖನ.

ಇನ್ನೊಂದು ಪ್ರಶ್ನೆಯೂ ಬಂದಿತ್ತು: ಕನ್ನಡ ಸಂಘದಲ್ಲಿ ಬೆಂಗಾಲಿ ಸಿನಿಮಾ ಯಾಕೆ? ಇದರ ಸಂಗೀತ ನಮ್ಮ ಬಿ. ವಿ. ಕಾರಂತರದ್ದು. ‘ಚೋಮನ ದುಡಿ’ ನಿರ್ದೇಶಿಸಿದ, ಮುಂದೆ ಮೈಸೂರಿನಲ್ಲಿ ರಂಗಾಯಣ ಕಟ್ಟಿದ ಅದೇ ಕಾರಂತರು. ಆ ಕಾಲದಲ್ಲಿ ಅವರು ದಿಲ್ಲಿಯ ರಾಷ್ಟ್ರೀಯ ನಾಟಕ ಶಾಲೆಯ ನಿರ್ದೇಶಕರು. ಬಂಟ್ವಾಳದ ಕಡೆಯ ಮಂಚಿಯಲ್ಲಿ ಹುಟ್ಟಿ, ಗುಬ್ಬಿ ಕಂಪನಿಯಲ್ಲಿ ಪಳಗಿದ ಮನುಷ್ಯ ಕಲ್ಕತ್ತಾದ ಒಂದು ಗಲ್ಲಿಯ ರಾತ್ರಿಗೆ ಸಂಗೀತ ಕೊಟ್ಟಿದ್ದಾರೆ ಅನ್ನೋದೇ ನಮಗೆ ಸಾಕಾಗಿತ್ತು.

ಕಥೆ ಒಂದೇ ಸಾಲಿನದು. ಉತ್ತರ ಕಲ್ಕತ್ತಾದ ಹಳೇ ದೊಡ್ಡ ಮನೆ, ಈಗ ತುಂಡು ತುಂಡಾಗಿ ಹಲವು ಬಾಡಿಗೆದಾರರ ಕೈಯಲ್ಲಿದೆ. ಅದರ ಒಂದು ಭಾಗದಲ್ಲಿ ಏಳು ಜನರ ಸಂಸಾರ. ಅಪ್ಪ ರಿಟೈರ್ ಆಗಿದ್ದಾರೆ. ಮಗ ತಪುಗೆ ಕೆಲಸ ಇಲ್ಲ. ಉಳಿದ ಮಕ್ಕಳು ಇನ್ನೂ ಓದ್ತಾ ಇದ್ದಾರೆ. ದುಡಿಯುವವಳು ಒಬ್ಬಳೇ, ಮಗಳು ಚಿನು. ಒಂದು ಸಂಜೆ ಆಫೀಸಿಗೆ ಹೋದ ಚಿನು ಹೊತ್ತಾದರೂ ಮನೆಗೆ ಬರಲ್ಲ. ರಾತ್ರಿಯಿಡೀ ಬರಲ್ಲ. ನಸುಕಿನಲ್ಲಿ ಬರ್ತಾಳೆ. ಎಲ್ಲಿಗೆ ಹೋಗಿದ್ದಳು ಅಂತ ಸಿನಿಮಾ ಹೇಳೋದೇ ಇಲ್ಲ.

ಕ್ಲೈಮ್ಯಾಕ್ಸ್ ಬಿಟ್ಟುಕೊಟ್ಟಿರಿ ಅಂತ ಬೈಯಬೇಡಿ. ಇಲ್ಲಿ ಬಿಟ್ಟುಕೊಡೋಕೆ ಗುಟ್ಟೇ ಇಲ್ಲ. ಚಿನು ಎಲ್ಲಿಗೆ ಹೋಗಿದ್ದಳು ಅಂತ ಸೇನ್ ಅವರನ್ನ ಎಷ್ಟೋ ಜನ ಕೇಳಿದ್ದಾರೆ. ‘ನನಗೂ ಗೊತ್ತಿಲ್ಲ’ ಅನ್ನೋದೇ ಅವರ ಉತ್ತರವಾಗಿತ್ತು. ನಮ್ಮ ಭಾಷೆಯಲ್ಲಿ ಹೇಳೋದಾದರೆ ಆ ಹುಡುಗಿಯ ರಾತ್ರಿ ಒಂದು ಬ್ಲ್ಯಾಕ್ ಬಾಕ್ಸ್. ಇನ್‌ಪುಟ್ ಸಂಜೆ, ಔಟ್‌ಪುಟ್ ಬೆಳಗ್ಗೆ. ಕ್ಯಾಮೆರಾ ಪೆಟ್ಟಿಗೆಯೊಳಗೆ ಇಣುಕೋದೇ ಇಲ್ಲ, ಅದರ ಸುತ್ತ ನಿಂತವರ ಮುಖ ನೋಡ್ತಾ ಕೂತಿದೆ.

ಕೊಲೆ ಇಲ್ಲ, ಪತ್ತೇದಾರ ಇಲ್ಲ, ಓಡೋದು ಅಟ್ಟಿಸಿಕೊಂಡು ಹೋಗೋದು ಇಲ್ಲ. ಆದರೂ ಒಂದೂವರೆ ಗಂಟೆ ಚಿಲ್ಲರೆ ಸಿನಿಮಾದಲ್ಲಿ ನಮ್ಮ ಹಿಂದಿನ ಸಾಲಿನವರು ಒಂದು ಸಲವೂ ಮೊಬೈಲ್ ತೆಗೀಲಿಲ್ಲ. ಇದು ಹೇಗೆ ಕೆಲಸ ಮಾಡ್ತು ಅಂತ ನಾವು ಆಮೇಲೆ ಕೂತು ಯೋಚಿಸಿದ್ವಿ. ನಮಗೆ ಹೊಳೆದದ್ದು ಇಷ್ಟು: ಥ್ರಿಲ್ಲರ್‌ನಲ್ಲಿ ಸಾಮಾನ್ಯವಾಗಿ ಪ್ರಶ್ನೆ ಒಂದೇ ಇರುತ್ತೆ, ಉತ್ತರ ಮುಂದಕ್ಕೆ ಹೋಗ್ತಾ ಇರುತ್ತೆ. ಇಲ್ಲಿ ಉತ್ತರ ಬರೋದೇ ಇಲ್ಲ, ಪ್ರಶ್ನೆ ಮಾತ್ರ ಬದಲಾಗ್ತಾ ಹೋಗುತ್ತೆ.

ಮೊದಲಿಗೆ ಎಲ್ಲರ ಮನಸ್ಸಿನಲ್ಲಿರೋದು ‘ಅವಳಿಗೆ ಏನಾಯ್ತೋ’ ಅನ್ನೋದು. ಬಸ್ಸು ಸಿಕ್ಕಿಲ್ಲವೇನೋ, ಆಫೀಸಿನಲ್ಲಿ ಕೆಲಸ ಜಾಸ್ತಿ ಇತ್ತೇನೋ. ಅಪ್ಪ ಹೊರಗೆ ಹೋಗಿ ದಾರಿ ಕಾಯ್ತಾರೆ. ಮನೆಯಲ್ಲಿ ಫೋನ್ ಇಲ್ಲ. ಆಫೀಸಿಗೆ ಫೋನ್ ಮಾಡಬೇಕು ಅಂದರೆ ತಂಗಿ ಮಿನು ಬೇರೆಯವರ ಅಂಗಡಿಗೆ ಹೋಗಬೇಕು. ಅಲ್ಲಿ ರಿಂಗ್ ಆಗ್ತಾನೇ ಇರುತ್ತೆ, ಯಾರೂ ಎತ್ತಲ್ಲ. ಲೈವ್ ಲೊಕೇಶನ್ ಕಳಿಸು ಅಂತ ಕೇಳಿ ಅಭ್ಯಾಸವಾಗಿರುವ ನಮಗೆ ಈ ಭಾಗ ಅರ್ಥವಾಗೋಕೆ ಸ್ವಲ್ಪ ಹೊತ್ತು ಬೇಕಾಯ್ತು. ಸುದ್ದಿ ಇಲ್ಲದೆ ಕಾಯುವುದು ಅಂದರೆ ಕೈಯಲ್ಲಿ ಏನೂ ಇಲ್ಲದೆ ಕೂತಿರುವುದು.

ರಾತ್ರಿ ಏರಿದ ಹಾಗೆ ಪ್ರಶ್ನೆ ಮೆಲ್ಲಗೆ ತಿರುಗುತ್ತೆ. ಒಂದೇ ಅಂಗಳಕ್ಕೆ ಬಾಗಿಲು ತೆರೆಯುವ ಮನೆ ಅದು, ಒಂದು ಕಡೆ ಕೆಮ್ಮಿದರೆ ಇನ್ನೊಂದು ಕಡೆ ಕೇಳಿಸುತ್ತೆ. ನೆರೆಯವರು ಒಬ್ಬೊಬ್ಬರೇ ಹೊರಗೆ ಬರ್ತಾರೆ. ಕೆಲವರು ನಿಜವಾಗಿ ನೆರವಾಗೋಕೆ, ಕೆಲವರು ನೋಡೋಕೆ. ಯಾರೂ ಬಾಯಿಬಿಟ್ಟು ಕೆಟ್ಟ ಮಾತು ಆಡಬೇಕಾಗಿಲ್ಲ, ದನಿ ಇಳಿಸಿ ಮಾತಾಡಿದರೇ ಸಾಕು. ‘ಏನಾಯ್ತು’ ಅನ್ನೋದು ‘ಯಾರ ಜೊತೆ’ ಅಂತ ಆಗಿಬಿಟ್ಟಿರುತ್ತೆ. ನೀವು ಕೇಳಿದ ಲವ್ ಸ್ಟೋರಿ ಇರೋದು ಇಲ್ಲೇ! ಚಿನು ಜೊತೆ ಪರದೆ ಮೇಲೆ ಯಾವ ಹುಡುಗನೂ ಇಲ್ಲ. ಆ ಹುಡುಗನನ್ನ ಅಂಗಳದಲ್ಲಿ ನಿಂತವರು ಹುಟ್ಟಿಸ್ತಾರೆ. ನಿಜ ಹೇಳಬೇಕು ಅಂದರೆ ಸೀಟಿನಲ್ಲಿ ಕೂತ ನಾವೂ ಹುಟ್ಟಿಸಿದ್ವಿ. ಮುಕ್ಕಾಲು ಗಂಟೆ ಹೊತ್ತಿಗೆ ನಮ್ಮಲ್ಲೇ ಒಬ್ಬ ಪಿಸುಗುಟ್ಟಿದ: ‘ಪಕ್ಕಾ ಓಡಿಹೋಗಿದ್ದಾಳೆ ಮಗಾ.’ ಸುತ್ತಮುತ್ತ ನಾಲ್ಕೈದು ಜನ ನಕ್ಕರು. ಸಿನಿಮಾದಲ್ಲಿ ಅಂಥ ಸೂಚನೆ ಒಂದೂ ಇರಲಿಲ್ಲ.

ಇಲ್ಲಿ ನಮ್ಮದೇ ಒಂದು ವಿಷಯ ಹೇಳಿಬಿಡ್ತೀವಿ. ಹಿಂದಿನ ವರ್ಷ ನಮ್ಮ ಬ್ಯಾಚಿನ ಹುಡುಗಿಯೊಬ್ಬಳು ಇನ್-ಟೈಮ್ ಆದರೂ ಹಾಸ್ಟೆಲ್‌ಗೆ ಬಂದಿರಲಿಲ್ಲ, ಫೋನ್ ಸ್ವಿಚ್ ಆಫ್. ಹತ್ತೂವರೆ ಹೊತ್ತಿಗೆ ಕ್ಲಾಸ್ ಗ್ರೂಪಿನಲ್ಲಿ ಮೂರು ಥಿಯರಿ ಓಡಾಡ್ತಾ ಇದ್ವು, ಒಂದರಲ್ಲಿ ಬೇರೆ ಬ್ರಾಂಚಿನ ಹುಡುಗನ ಹೆಸರೂ ಸೇರಿಕೊಂಡಿತ್ತು. ಆ ಗ್ರೂಪಿನಲ್ಲಿ ನಾವೂ ಇದ್ವಿ. ನಗುವ ಇಮೋಜಿ ಹಾಕಿದವರಲ್ಲೂ ಇದ್ವಿ. ಅವಳ ಮನೆಗೆ ಫೋನ್ ಮಾಡಿ ವಿಚಾರಿಸೋಣ ಅಂತ ಮೊದಲು ಹೊಳೆದದ್ದು ಯಾರಿಗೆ ಅಂತ ನೆನಪು ಮಾಡಿಕೊಂಡರೆ, ನಮ್ಮಲ್ಲಿ ಯಾರಿಗೂ ಅಲ್ಲ. ಮಾರನೇ ದಿನ ಬಂದು ಅದೇ ಬೆಂಚಿನಲ್ಲಿ ಕೂತಳು. ಲ್ಯಾಬ್ ರೆಕಾರ್ಡ್ ಬರೆದಳು. ಎಲ್ಲಿಗೆ ಹೋಗಿದ್ದಳು ಅನ್ನೋದನ್ನ ಇಲ್ಲಿ ಬರೆಯಲ್ಲ. ಬರೆದರೆ ಅವಳ ಪರವಾಗಿ ನಾವು ಸಾಕ್ಷಿ ಹೇಳಿದ ಹಾಗಾಗುತ್ತೆ, ಸಾಕ್ಷಿ ಬೇಕು ಅಂತ ಒಪ್ಪಿಕೊಂಡ ಹಾಗೂ ಆಗುತ್ತೆ.

ಸಿನಿಮಾಕ್ಕೆ ವಾಪಸ್ ಬರೋಣ. ತಪು ಪೊಲೀಸ್ ಠಾಣೆಗೆ ಹೋಗ್ತಾನೆ, ಶವಾಗಾರಕ್ಕೂ ಹೋಗ್ತಾನೆ. ಆಸ್ಪತ್ರೆಯಲ್ಲಿ ಒಬ್ಬಳು ಹುಡುಗಿ ಇದ್ದಾಳೆ ಅಂತ ಗೊತ್ತಾಗಿ ಅಪ್ಪ ಓಡ್ತಾರೆ. ಅಲ್ಲಿ ಅವರ ಹಾಗೇ ಮನೆ ಹುಡುಗಿಗಾಗಿ ಕಾಯುವ ಬೇರೆಯವರೂ ಇದ್ದಾರೆ! ಇಡೀ ಸಿನಿಮಾದಲ್ಲಿ ನಮ್ಮ ಹೊಟ್ಟೆ ಕಿವುಚಿದ ಜಾಗ ಇದು. ಆ ಹುಡುಗಿ ಚಿನು ಅಲ್ಲ ಅಂತ ಗೊತ್ತಾದಾಗ ಉಸಿರು ಬಿಟ್ಟಿವಿ, ಬಿಟ್ಟ ಮೇಲೆ ನಾಚಿಕೆ ಆಯ್ತು. ಅಲ್ಲಿ ಮಲಗಿರುವವಳು ಇನ್ಯಾರದೋ ಚಿನು ತಾನೆ.

ಮೂರನೇ ಪ್ರಶ್ನೆ ಮನೆಯೊಳಗೇ ಕಾದು ಕೂತಿರುತ್ತೆ, ಆದರೆ ಅದನ್ನ ಆಡಿ ತೋರಿಸೋದು ಮಿನು. ಶ್ರೀಲಾ ಮಜುಂದಾರ್ ಈ ಪಾತ್ರ ಮಾಡಿದ್ದಾರೆ. ಅಕ್ಕ ಬರದಿದ್ದರೆ ಈ ಮನೆ ನಡೆಯೋದು ಹೇಗೆ? ಎಲ್ಲರ ಕಳವಳದ ತಳದಲ್ಲಿ ಇರೋದು ಇದೇ ತಾನೆ ಅಂತ ಅವಳು ಮನೆಯವರ ಮುಖಕ್ಕೇ ಕೇಳ್ತಾಳೆ. ದಿದಿಯ ಸಂಬಳ ಎಲ್ಲರಿಗೂ ಬೇಕು, ದಿದಿಗೆ ಏನು ಬೇಕು ಅಂತ ಯಾರೂ ಕೇಳಿಲ್ಲ. ನಮ್ಮಲ್ಲಿ ಕೆಲವರಿಗೆ ಈ ಮಾತು ಸ್ವಲ್ಪ ಜಾಸ್ತಿ ಬಿಡಿಸಿ ಹೇಳಿದ ಹಾಗೆ ಅನ್ನಿಸ್ತು. ಮನೆ ಮಾಲೀಕನ ಪಾತ್ರವೂ ಒಂದೇ ಸ್ವರದ್ದು. ಮರ್ಯಾದಸ್ಥರ ಮನೆ ಇದು ಅಂತ ಗದರೋದು ಬಿಟ್ಟರೆ ಅವನಿಗೆ ಬೇರೆ ಕೆಲಸ ಇಲ್ಲ. ಆದರೆ ಅಮ್ಮನಾಗಿ ನಟಿಸಿದ ಗೀತಾ ಸೇನ್ (ಇವರು ನಿರ್ದೇಶಕರ ಹೆಂಡತಿ ಕೂಡ) ಮಿನು ಮಾತಿಗೆ ಮುಖ ತಿರುಗಿಸುವ ರೀತಿ ನೋಡಿದರೆ ಆ ದೂರು ನಿಲ್ಲಲ್ಲ. ಅಮ್ಮ ಕೆಟ್ಟವಳಲ್ಲ. ತಿಂಗಳ ಲೆಕ್ಕ ಅವಳ ತಲೆಯಲ್ಲಿದೆ, ಅಷ್ಟೇ.

ಬೆಂಗಾಲಿ ಸಿನಿಮಾದಲ್ಲಿ ಇಂಥ ಮಗಳು ಇದ್ದಕ್ಕಿದ್ದಂತೆ ಹುಟ್ಟಿದವಳಲ್ಲ. ದೇಶ ವಿಭಜನೆ ಆದ ಮೇಲೆ ಪೂರ್ವ ಬಂಗಾಳದಿಂದ ಎಲ್ಲ ಕಳಕೊಂಡು ಕಲ್ಕತ್ತಾಕ್ಕೆ ಬಂದ ಸಂಸಾರಗಳಲ್ಲಿ, ಅದುವರೆಗೆ ಹೊಸಿಲು ದಾಟದಿದ್ದ ಹೆಣ್ಣುಮಕ್ಕಳು ಆಫೀಸಿಗೆ, ಶಾಲೆಗೆ ದುಡಿಯೋಕೆ ಹೊರಟರು. ಋತ್ವಿಕ್ ಘಟಕ್ ಅವರ ‘ಮೇಘೇ ಢಾಕಾ ತಾರಾ’ (1960) ಸಿನಿಮಾದ ನೀತಾ ಅಂಥವಳು. ಮನೆಯವರೆಲ್ಲ ಅವಳ ದುಡಿಮೆಯ ಮೇಲೆ ನಿಂತು ಎದ್ದು ಹೋಗ್ತಾರೆ, ಪ್ರೀತಿಸಿದವನು ಅವಳ ತಂಗಿಯನ್ನೇ ಮದುವೆ ಆಗ್ತಾನೆ, ಅವಳಿಗೆ ಉಳಿಯೋದು ಕ್ಷಯ. ಸತ್ಯಜಿತ್ ರಾಯ್ ಅವರ ‘ಮಹಾನಗರ್’ (1963) ಸಿನಿಮಾದ ಆರತಿ ಮನೆಮನೆಗೆ ಹೋಗಿ ಹೆಣಿಗೆ ಯಂತ್ರ ಮಾರ್ತಾಳೆ. ಅವಳ ಬ್ಯಾಗಿನಲ್ಲಿ ಕಂಡ ಒಂದು ಲಿಪ್‌ಸ್ಟಿಕ್ ಗಂಡನಿಗೆ ಸಂಕಟ ತರುತ್ತೆ. ನೀತಾಳ ಅಣ್ಣನೂ ಆರತಿಯ ಗಂಡನೂ ಒಬ್ಬರೇ ನಟ, ಅನಿಲ್ ಚಟರ್ಜಿ. ಒಂದಾದ ಮೇಲೆ ಒಂದು ನೋಡಿ, ಮಜಾ ಇದೆ. ಆದರೆ ನೀತಾ, ಆರತಿ ಇಬ್ಬರ ಜೊತೆಗೂ ಕ್ಯಾಮೆರಾ ಹೋಗುತ್ತೆ, ಅವರ ದಿನ ನಮಗೆ ಗೊತ್ತು. ಚಿನು ಜೊತೆ ಹೋಗಲ್ಲ. ಮನೆಯಲ್ಲಿ ಕೂತವರಿಗೆ ಎಷ್ಟು ಗೊತ್ತೋ ನಮಗೂ ಅಷ್ಟೇ. ಹಾಗಾಗಿ ಅವಳನ್ನ ನಂಬೋದು ಬಿಡೋದು ನಮ್ಮ ಮೇಲೆ ಬೀಳುತ್ತೆ.

ಸೇನ್ ಇಲ್ಲಿಗೆ ಬಂದ ದಾರಿಯೂ ಗಮನಿಸುವಂಥದ್ದು. ‘ಇಂಟರ್‌ವ್ಯೂ’, ‘ಕಲ್ಕತ್ತಾ 71’, ‘ಪದಾತಿಕ್’ ಸಿನಿಮಾಗಳಲ್ಲಿ ಅವರ ಕ್ಯಾಮೆರಾ ಬೀದಿಯಲ್ಲಿತ್ತು. ನಕ್ಸಲ್ ಚಳವಳಿಯ ವರ್ಷಗಳು, ಮೆರವಣಿಗೆ, ಗುಂಡೇಟು, ಸಿಟ್ಟು. ಎದುರಾಳಿ ಯಾವಾಗಲೂ ಹೊರಗೆ. ಎಪ್ಪತ್ತರ ದಶಕ ಮುಗಿಯುವ ಹೊತ್ತಿಗೆ ಅವರು ಎದುರಾಳಿಯನ್ನ ಮನೆಯೊಳಗೆ, ತಮ್ಮಂಥ ಮಧ್ಯಮವರ್ಗದವರೊಳಗೆ ಹುಡುಕತೊಡಗಿದರು. ಆ ಹುಡುಕಾಟದಲ್ಲಿ ಬಂದದ್ದು ಈ ಸಿನಿಮಾ. ಅಮಲೇಂದು ಚಕ್ರವರ್ತಿ ಅವರ ಕಥೆ, ಕೆ. ಕೆ. ಮಹಾಜನ್ ಅವರ ಛಾಯಾಗ್ರಹಣ. ಸೇನ್ ಅವರಿಗೆ ಅತ್ಯುತ್ತಮ ನಿರ್ದೇಶಕ ರಾಷ್ಟ್ರಪ್ರಶಸ್ತಿ ಬಂತು, ಸಿನಿಮಾ 1980ರಲ್ಲಿ ಕಾನ್ ಉತ್ಸವದ ಸ್ಪರ್ಧೆಗೂ ಹೋಯಿತು.

ಕೊನೆಯ ಭಾಗ ನಾವು ಎರಡು ಸಲ ಹಾಕಿಸಿಕೊಂಡು ನೋಡಿದ್ವಿ. ಚಿನು ಆಗಿ ಮಮತಾ ಶಂಕರ್ ಪರದೆ ಮೇಲೆ ಇರೋದೇ ಸ್ವಲ್ಪ ಹೊತ್ತು. ಬಾಗಿಲಲ್ಲಿ ಅವಳು ನಿಂತಿದ್ದಾಳೆ, ಒಳಗೆ ಇಷ್ಟು ಜನ. ರಾತ್ರಿಯಿಡೀ ಬಾಯಲ್ಲಿದ್ದ ಪ್ರಶ್ನೆಯನ್ನ ಒಬ್ಬರೂ ಕೇಳಲ್ಲ. ಕೇಳಿ ಜಗಳ ಆಗಿದ್ದರೆ ಅವಳು ಉತ್ತರ ಕೊಡಬಹುದಿತ್ತು. ಅಳಬಹುದಿತ್ತು, ಬೈಯಬಹುದಿತ್ತು. ಕೇಳದೇ ಇರುವಾಗ ಏನು ಹೇಳೋದು? ಮನೆಯವರು ಸುಮ್ಮನಿರೋದು ದೊಡ್ಡ ಮನಸ್ಸಿನಿಂದಲ್ಲ, ಉತ್ತರ ಏನಿರಬಹುದು ಅನ್ನೋ ಭಯದಿಂದ ಅಂತ ಅವಳ ಮುಖಕ್ಕೆ ಗೊತ್ತಾಗ್ತಾ ಹೋಗುತ್ತೆ. ತನ್ನ ಮನೆಯಲ್ಲೇ ತಾನು ಶಂಕಿತಳು ಅನ್ನೋದು ಒಂದು ಮಾತೂ ಇಲ್ಲದೆ ಅವಳಿಗೆ ತಿಳಿಯುತ್ತೆ. ಮಾಲೀಕ ಮಾತ್ರ ಬಾಯಿಬಿಟ್ಟು ಮನೆ ಖಾಲಿ ಮಾಡಿ ಅಂತಾನೆ. ಅವನದ್ದು ಕನಿಷ್ಠ ಎದುರಿಗೆ ಆಡಿದ ಮಾತು.

ಆಮೇಲೆ ಬೆಳಗಾಗುತ್ತೆ. ಅಮ್ಮ ಎದ್ದು ಒಲೆಯ ಕಡೆ ಹೋಗ್ತಾಳೆ, ಮಾಮೂಲಿ ಕೆಲಸ ಶುರುವಾಗುತ್ತೆ. ‘ಏಕ್ ದಿನ್’ ಅಂದರೆ ಒಂದು ದಿನ, ‘ಪ್ರತಿದಿನ್’ ಅಂದರೆ ದಿನದಿನವೂ. ಹೆಸರಿನ ಎರಡನೇ ಪದ ಅರ್ಥವಾಗೋದು ಆ ಒಲೆಯ ಹತ್ತಿರ. ಚಿನು ಮತ್ತೆ ಆಫೀಸಿಗೆ ಹೋಗಲೇಬೇಕು. ಅವಳ ಸಂಬಳ ಬರಲೇಬೇಕು.

ಚರ್ಚೆ ಚೆನ್ನಾಗೇ ಶುರುವಾಯ್ತು. ‘ಅವಳು ಒಂದು ಮಾತು ತಿಳಿಸಬೇಕಿತ್ತು’ ಅಂದ ಒಬ್ಬ. ‘ಮನೇಲಿ ಫೋನೇ ಇಲ್ವಲ್ಲೋ’ ಅಂದಳು ಒಬ್ಬಳು. ‘ತಪು ರಾತ್ರಿ ಬಂದಿರದಿದ್ದರೆ ಅಂಗಳದಲ್ಲಿ ಯಾರು ಎದ್ದಿರೋರು?’ ಅಂತ ಇನ್ನೊಬ್ಬಳು ಕೇಳಿದ್ದಕ್ಕೆ ಉತ್ತರ ಬರುವ ಮುಂಚೆಯೇ ಗಂಟೆ ಒಂಬತ್ತೂ ಕಾಲಾಗಿತ್ತು. ಹುಡುಗಿಯರ ಹಾಸ್ಟೆಲ್ ಗೇಟು ಒಂಬತ್ತೂವರೆಗೆ. ಅರ್ಧ ಹಾಲ್ ಬ್ಯಾಗ್ ಎತ್ತಿಕೊಂಡು ಓಡಿತು. ಉಳಿದ ಚರ್ಚೆ ಹುಡುಗರ ನಡುವೆಯೇ ಆಯ್ತು, ಅಷ್ಟೇನೂ ಚೆನ್ನಾಗಿರಲಿಲ್ಲ.

ಮುಂದಿನ ತಿಂಗಳು ಸೇನ್ ಅವರದ್ದೇ ‘ಖಾರಿಜ್’ (1982) ಹಾಕ್ತೀವಿ. ಚಳಿಗೆ ಅಡುಗೆಮನೆಯಲ್ಲಿ ಮಲಗಿದ ಕೆಲಸದ ಹುಡುಗ ಕಲ್ಲಿದ್ದಲ ಒಲೆಯ ಕಾರ್ಬನ್ ಮಾನಾಕ್ಸೈಡ್‌ಗೆ ಸಾಯ್ತಾನೆ, ಇನ್ನೊಂದು ಒಳ್ಳೇ ಸಂಸಾರ ಉತ್ತರ ಹುಡುಕಬೇಕಾಗುತ್ತೆ. ಅದರಲ್ಲೂ ಮಮತಾ ಶಂಕರ್ ಇದ್ದಾರೆ. ಸಂಜೆ ಏಳೂವರೆ ಬದಲು ಶನಿವಾರ ಮಧ್ಯಾಹ್ನ ಎರಡು ಗಂಟೆಗೆ ಇಟ್ಟುಕೊಂಡಿದ್ದೀವಿ, ಚರ್ಚೆಗೆ ಎಲ್ಲರೂ ಇರಲಿ ಅಂತ.