ಕೋಟೆಗೆ ಕಾಯ್ದೆ ಇದೆ, ಮಾಳಿಗೆ ಮನೆಗೆ?

ರಾಯಚೂರು ಕೋಟೆಯ ಪಶ್ಚಿಮ ಗೋಡೆಯಲ್ಲಿ ಸುಮಾರು 41 ಅಡಿ ಉದ್ದದ ಒಂದೇ ಕಲ್ಲಿದೆ. ಕಾಕತೀಯರ ಸಾಮಂತ ಗೋರೆ ಗಂಗಯ್ಯ ರೆಡ್ಡಿಯ ಕಾಲದಲ್ಲಿ, 1294ರಲ್ಲಿ, ದಂಡನಾಯಕ ವಿಠಲ ಈ ಕೋಟೆ ಕಟ್ಟಿಸಿದ ಎಂದು ಅದರ ಮೇಲಿನ ತೆಲುಗು ಶಾಸನ ಹೇಳುತ್ತದೆ. ಕಟ್ಟಿಸಿದವನ ಹೆಸರು ಬಹಳಷ್ಟು ಶಾಸನಗಳಲ್ಲಿ ಸಿಗುತ್ತದೆ. ಇಲ್ಲಿನ ವಿಶೇಷವೇ ಬೇರೆ. ಅಷ್ಟು ದೊಡ್ಡ ಬಂಡೆಯನ್ನು ಬಂಡಿಗೇರಿಸಿ, ಸಾಲು ಸಾಲು ಕೋಣಗಳನ್ನು ಹೂಡಿ, ಗಾಲಿಗೆ ಸನ್ನೆಕೋಲು ಕೊಟ್ಟು ಆಳುಗಳು ಹೇಗೆ ಎಳೆತಂದರು ಎಂಬ ಚಿತ್ರವನ್ನೂ ಕಲ್ಲಲ್ಲೇ ಕೊರೆದಿದ್ದಾರೆ. ಬೆವರು ಸುರಿಸಿದವರಿಗೂ ಗೋಡೆಯಲ್ಲಿ ಜಾಗ ಕೊಟ್ಟ ಕೋಟೆಗಳು ನಾಡಿನಲ್ಲಿ ಎಷ್ಟಿವೆ? ಒಳಸುತ್ತಿನ ಕಲ್ಲುಗಳ ನಡುವೆ ಗಾರೆಯೇ ಇಲ್ಲ. ಕಲ್ಲಿಗೆ ಕಲ್ಲು ಕೂಡಿಸಿಯೇ ನಿಲ್ಲಿಸಿದ್ದಾರೆ. ಹೊರಸುತ್ತು ಬಿಜಾಪುರದ ಆದಿಲ್ ಶಾಹಿಗಳ ಕಾಲದ್ದು. ಊರೊಳಗಿನ ಏಕ್ ಮಿನಾರ್ ಮಸೀದಿ 1513ರದು, ಬಹಮನಿಗಳ ಕೊನೆಗಾಲದ್ದು. 1520ರಲ್ಲಿ ಕೃಷ್ಣದೇವರಾಯ ಇಸ್ಮಾಯಿಲ್ ಆದಿಲ್ ಶಾಹನನ್ನು ಸೋಲಿಸಿ ಗೆದ್ದುಕೊಂಡದ್ದು ಇದೇ ಕೋಟೆಯನ್ನು.

ಇಂಥವುಗಳಿಗಾಗಿ ಕಾನೂನು ಇದೆ. ಕೇಂದ್ರದ 1958ರ ಕಾಯ್ದೆ, ರಾಜ್ಯದ 1961ರ ಕಾಯ್ದೆ. ಕೇಂದ್ರದ ಕಾಯ್ದೆಗೆ 2010ರಲ್ಲಿ ತಿದ್ದುಪಡಿಯಾದ ಮೇಲೆ ರಾಷ್ಟ್ರೀಯ ಮಹತ್ವದ ಸ್ಮಾರಕದಿಂದ 100 ಮೀಟರ್ ಒಳಗೆ ಹೊಸ ಕಟ್ಟಡ ಕಟ್ಟುವಂತಿಲ್ಲ. ಅಲ್ಲಿಂದಾಚೆ ಇನ್ನೂ 200 ಮೀಟರ್‌ವರೆಗೆ ಅನುಮತಿ ಬೇಕು. ಆದರೆ ಈ ಕಾಯ್ದೆಗಳ ಕಣ್ಣಿಗೆ ಬೀಳುವುದು ಹೆಚ್ಚಾಗಿ ಕೋಟೆ, ಗುಡಿ, ಗುಮ್ಮಟ, ಶಾಸನ. ಜನ ಬಾಳಿದ, ಇನ್ನೂ ಬಾಳುತ್ತಿರುವ ಮನೆಗಳು ಬೀಳುವುದೇ ಇಲ್ಲ ಎನ್ನಬೇಕು.

ಎಲ್ಲ ಕಡೆ ಹೀಗಿಲ್ಲ. ಇಂಗ್ಲೆಂಡಿನ ಸಫೋಕ್ ಸೀಮೆಯಲ್ಲಿ ಲ್ಯಾವೆನ್‌ಹ್ಯಾಮ್ ಎಂಬ ಪುಟ್ಟ ಊರಿದೆ. ಉಣ್ಣೆ ಬಟ್ಟೆಯ ವ್ಯಾಪಾರದಿಂದ ಸಿರಿವಂತವಾಗಿ, ಆಮೇಲೆ ವ್ಯಾಪಾರ ಬಿದ್ದುಹೋಗಿ ಬಡವಾದ ಊರು. ಹೊಸದು ಕಟ್ಟಲು ದುಡ್ಡಿಲ್ಲದ್ದರಿಂದ ಮರದ ಚೌಕಟ್ಟಿನ ಹಳೆಯ ಮನೆಗಳು ಹಾಗೆಯೇ ಉಳಿದವು. ಇವತ್ತು ಅಲ್ಲಿ ಮುನ್ನೂರಕ್ಕೂ ಹೆಚ್ಚು ಕಟ್ಟಡಗಳು ಸಂರಕ್ಷಿತ ಪಟ್ಟಿಯಲ್ಲಿವೆ. ಎರಡನೇ ಮಹಾಯುದ್ಧದಲ್ಲಿ ಬಾಂಬು ಬಿದ್ದು ಊರೂರೇ ಉರುಳಿದ್ದನ್ನು ಕಂಡ ದೇಶ, 1947ರ ಕಾಯ್ದೆಯ ಮೂಲಕ ಈ ಪಟ್ಟಿ ಮಾಡುವ ಕೆಲಸವನ್ನು ಗಟ್ಟಿಗೊಳಿಸಿತು. ಮನೆ ಮಾಲೀಕರದೇ; ಸಂಸಾರ, ಅಂಗಡಿ ಎಲ್ಲವೂ ಅಲ್ಲೇ ನಡೆಯುತ್ತವೆ. ಕೆಡವಬೇಕೆಂದರೆ, ಅದರ ಸ್ವರೂಪವೇ ಬದಲಾಗುವಂತೆ ಏನಾದರೂ ಮಾಡಬೇಕೆಂದರೆ ಮಾತ್ರ ಅಪ್ಪಣೆ ಬೇಕು. ಆ ದೇಶದ ಕೆಂಪು ಟೆಲಿಫೋನ್ ಗೂಡುಗಳಲ್ಲೂ ಕೆಲವು ಪಟ್ಟಿಗೆ ಸೇರಿವೆ.

ಈಗ ನಮ್ಮ ಮಟಮಾರಿಗೆ ಬನ್ನಿ. ರಾಯಚೂರಿನಿಂದ ಮಂತ್ರಾಲಯ ರೋಡ್ ಕಡೆ ಹೋಗುವ ರೈಲು ಹಾದಿಯ ಊರು. ಮುಂಬಯಿ ಕಡೆಯಿಂದ ಬಂದ ಹಳಿ, ಮದ್ರಾಸಿನಿಂದ ಬಂದ ಹಳಿ 1871ರಲ್ಲಿ ರಾಯಚೂರಿನಲ್ಲಿ ಕೂಡಿದವು. ನೂರೈವತ್ತು ವರ್ಷ ಮೀರಿದ ಈ ಹಾದಿಯ ಆಚೀಚಿನ ಹಳ್ಳಿಗಳಲ್ಲಿ ಈಗಲೂ ಮಾಳಿಗೆ ಮನೆಗಳು ಕಾಣುತ್ತವೆ: ದಪ್ಪ ಗೋಡೆ, ತೊಲೆ, ಜಂತಿ, ಮೇಲೆ ಮಣ್ಣಿನ ಹೊದಿಕೆ, ಬೆಳಕಿಂಡಿ, ಪಡಸಾಲೆ, ತಲಬಾಗಿಲ ಎರಡೂ ಬದಿ ಕಟ್ಟೆ. ಬೇಸಿಗೆಯ ಸುಡುಬಿಸಿಲಲ್ಲಿ ಒಳಗೆ ಕಾಲಿಟ್ಟರೆ ತಂಪು. ಈ ಸೀಮೆಯ ಬಿಸಿಲನ್ನು ಬಲ್ಲವರು ಕಟ್ಟಿದ ಮನೆಗಳಿವು. ವರ್ಷಕ್ಕೊಮ್ಮೆ ಮಾಳಿಗೆಗೆ ಮಣ್ಣು ಹಾಕದಿದ್ದರೆ ಸೋರುತ್ತದೆ. ಎರಡು ಮಳೆಗಾಲ ಕಡೆಗಣಿಸಿದರೆ ಜಂತಿ ಕೊಳೆಯುತ್ತದೆ. ಮಣ್ಣು ಹಾಕುವ ಕೈಗಳೂ ಈಗ ದುರ್ಲಭ. ಹಾಗಾಗಿ ಮನೆ ಕೆಡವಿ ಆರ್‌ಸಿಸಿ ಹಾಕಿಸುವವರನ್ನು ದೂರಲು ನನಗೆ ಮನಸ್ಸಿಲ್ಲ. ಮಳೆ ಬಂದಾಗ ಮಕ್ಕಳನ್ನು ಎಲ್ಲಿ ಮಲಗಿಸುವುದು ಎನ್ನುವುದು ಅವರ ಪ್ರಶ್ನೆ, ಅದು ನ್ಯಾಯವಾದದ್ದೇ.

ಭಕ್ತಿಯ ಬಲವಿದ್ದ ಕಡೆ ಹಳೆಯದು ಉಳಿದಿದೆ. ಮಾನವಿಯಲ್ಲಿ ಹರಿದಾಸ ಜಗನ್ನಾಥದಾಸರ ಕಂಬಕ್ಕೆ ಇಂದಿಗೂ ಪೂಜೆ. ದೇವದುರ್ಗ ತಾಲ್ಲೂಕಿನ ಗಬ್ಬೂರಿನಲ್ಲಿ ಚಾಲುಕ್ಯರ ಕಾಲದ ಗುಡಿಗಳು, ಶಾಸನಗಳು ಹೆಜ್ಜೆಗೊಂದು ಸಿಗುತ್ತವೆ. ಭಕ್ತಿಯಿಲ್ಲದ ಕಡೆ ಬೆಳಕಿಗೆ ಬಂದದ್ದು ಆಕಸ್ಮಿಕ. ಮಸ್ಕಿಯ ಅಶೋಕನ ಶಾಸನದ ಬಂಡೆಯ ಕಥೆಯಂತೂ ನೆನೆದಾಗಲೆಲ್ಲ ಮೈ ಝುಮ್ಮೆನ್ನುತ್ತದೆ. ಚಿನ್ನದ ಅದಿರು ಹುಡುಕುತ್ತಿದ್ದ ಬೀಡನ್ ಎಂಬ ಎಂಜಿನಿಯರ್ 1915ರಲ್ಲಿ ಅದನ್ನು ಕಾಣದೆ ಹೋಗಿದ್ದರೆ, ‘ದೇವಾನಾಂಪ್ರಿಯ’ನೆಂದರೆ ಅಶೋಕನೇ ಎಂಬುದಕ್ಕೆ ಆ ಶಾಸನದ ಸಾಕ್ಷಿ ಆಗ ಸಿಗುತ್ತಿರಲಿಲ್ಲ.

ಇಂಗ್ಲೆಂಡಿನಂಥ ಪಟ್ಟಿಯೊಂದೇ ಸಾಲದು ಎಂಬುದೂ ನಿಜ. ಪಾರಂಪರಿಕ ಕಟ್ಟಡಗಳನ್ನು ಗುರುತಿಸಿಕೊಂಡಿರುವ ಮೈಸೂರಿನಲ್ಲೇ 2012ರಲ್ಲಿ ಲ್ಯಾನ್ಸ್‌ಡೌನ್ ಕಟ್ಟಡದ ಭಾಗ ಕುಸಿದು ಜೀವಗಳು ಹೋದವು. ಕಾಗದದಲ್ಲಿ ಹೆಸರಿದ್ದು ದುರಸ್ತಿಗೆ ಕಾಸಿಲ್ಲದಿದ್ದರೆ ಆಗುವುದು ಅದೇ. ಆದ್ದರಿಂದ ಮಟಮಾರಿಯಂಥ ಊರಿಗೆ ಬೇಕಾದದ್ದು ಮಾಲೀಕನನ್ನು ಕಟ್ಟಿಹಾಕುವ ನೋಟಿಸು ಅಲ್ಲವೇ ಅಲ್ಲ. ಗ್ರಾಮ ಪಂಚಾಯಿತಿಯಲ್ಲಿ ಒಂದು ದಾಖಲೆ ಪುಸ್ತಕ ಇರಲಿ: ಯಾವ ಮನೆ, ಯಾವ ಬಾವಿ, ಯಾವ ಅಗಸೆ, ಅಳತೆ ಎಷ್ಟು, ಚಿತ್ರ ಹೇಗೆ, ಕಟ್ಟಿದವರ ಬಗ್ಗೆ ಹಿರಿಯರು ಏನು ಹೇಳುತ್ತಾರೆ. ಉಳಿಸಿಕೊಳ್ಳುತ್ತೇನೆ ಎನ್ನುವ ಮಾಲೀಕನಿಗೆ ಮಳೆಗಾಲಕ್ಕೆ ಮುಂಚೆ ಮಾಳಿಗೆ ಮಣ್ಣಿನ ಖರ್ಚು, ಮನೆ ತೆರಿಗೆಯಲ್ಲಿ ರಿಯಾಯಿತಿ ಸಿಗಲಿ. ಮಣ್ಣು ಹಾಕಬಲ್ಲ ಹಿರಿಯ ಕೆಲಸಗಾರರಿಗೆ ಒಳ್ಳೆಯ ಕೂಲಿ ಕೊಟ್ಟು, ನಾಲ್ಕು ಹುಡುಗರನ್ನು ಅವರ ಕೈಕೆಳಗೆ ಕೆಲಸಕ್ಕೆ ಹಚ್ಚಲಿ. ಕೆಡವಲೇಬೇಕಾದ ಮನೆಯಿದ್ದರೆ, ತೊಲೆ ಇಳಿಸುವ ಮೊದಲು ಅಳತೆ ಟೇಪು ಹಿಡಿದ ಒಬ್ಬರು ಅಲ್ಲಿಗೆ ಹೋಗಿ ಬರಲಿ.