ಮತದಾನ ನಿಂತುಹೋದ ಕೀರ್ತಿಮಂದಿರ

ಹಾಲ್ ಆಫ್ ಫೇಮ್ ಎಂದೊಡನೆ ಇಂದಿನ ಓದುಗರಿಗೆ ಕ್ರಿಕೆಟ್, ಟೆನಿಸ್ ಅಥವಾ ಸಂಗೀತ ಕ್ಷೇತ್ರದ ಸಾಧಕರ ಪಟ್ಟಿ ನೆನಪಾಗುತ್ತದೆಯಾದರೂ, ಆ ಹೆಸರನ್ನು ಅಮೆರಿಕದಲ್ಲಿ ಮನೆಮಾತಾಗಿಸಿದ ಸಂಸ್ಥೆಗೆ ಆಟಪಾಟಗಳ ಸಂಬಂಧವಿರಲಿಲ್ಲ. ನ್ಯೂಯಾರ್ಕ್ ನಗರದ ಬ್ರಾಂಕ್ಸ್ ಭಾಗದಲ್ಲಿ, ಹಾರ್ಲೆಮ್ ನದಿಗೆ ಮುಖಮಾಡಿದ ದಿಬ್ಬದ ಮೇಲೆ 1901ರ ಮೇ 30ರಂದು ಉದ್ಘಾಟನೆಯಾದ ‘ಹಾಲ್ ಆಫ್ ಫೇಮ್ ಫಾರ್ ಗ್ರೇಟ್ ಅಮೆರಿಕನ್ಸ್’, ಅಂದರೆ ಮಹಾನ್ ಅಮೆರಿಕನ್ನರ ಕೀರ್ತಿಮಂದಿರ, ರಾಜಕಾರಣಿ, ವಿಜ್ಞಾನಿ, ಸಾಹಿತಿ, ಶಿಕ್ಷಕ ಎಂಬ ಭೇದವಿಲ್ಲದೆ ರಾಷ್ಟ್ರದ ಹಿರಿಯರನ್ನೆಲ್ಲ ಒಂದೇ ಸಾಲಿನಲ್ಲಿ ನಿಲ್ಲಿಸಲು ಹೊರಟ ಯೋಜನೆಯಾಗಿತ್ತು.

ನ್ಯೂಯಾರ್ಕ್ ವಿಶ್ವವಿದ್ಯಾಲಯದ ಕುಲಪತಿಯಾಗಿದ್ದ ಹೆನ್ರಿ ಮಿಚೆಲ್ ಮೆಕ್ರಾಕನ್ ಈ ಕಲ್ಪನೆಯ ಜನಕರು. ಜರ್ಮನಿಯ ಮ್ಯೂನಿಕ್ ನಗರದಲ್ಲಿರುವ ರೂಮೆಸ್‌ಹಾಲೆ ಎಂಬ ಕೀರ್ತಿಸೌಧ ಅವರಿಗೆ ಪ್ರೇರಣೆಯಾಗಿತ್ತು. ಜೊತೆಗೆ ತೀರ ಲೌಕಿಕವಾದ ಇನ್ನೊಂದು ಕಾರಣವೂ ಇತ್ತು. ವಿಶ್ವವಿದ್ಯಾಲಯದ ಹೊಸ ಆವರಣವು ಕಡಿದಾದ ಇಳಿಜಾರಿನ ಅಂಚಿನಲ್ಲಿದ್ದುದರಿಂದ, ಗ್ರಂಥಾಲಯದ ಹಿಂಬದಿಯ ಎತ್ತರದ ಅಡಿಪಾಯದ ಗೋಡೆ ನದಿಯ ಕಡೆಯಿಂದ ನೋಡುವವರಿಗೆ ಬೋಳಾಗಿ ಕಾಣುವಂತಿತ್ತು. ಅದನ್ನು ಮರೆಮಾಡಲು ವಾಸ್ತುಶಿಲ್ಪಿ ಸ್ಟ್ಯಾನ್‌ಫರ್ಡ್ ವೈಟ್ ಗ್ರಂಥಾಲಯವನ್ನು ಬಳಸಿ ಸಾಗುವ, ಸುಮಾರು 630 ಅಡಿ ಉದ್ದದ ಕಂಬಸಾಲಿನ ಮೊಗಸಾಲೆಯೊಂದನ್ನು ರೂಪಿಸಿದರು. ರೈಲ್ವೆ ಉದ್ಯಮಿ ಜೇ ಗೂಲ್ಡ್ ಅವರ ಮಗಳು ಹೆಲೆನ್ ಗೂಲ್ಡ್ ಇದಕ್ಕೆ ಹಣ ಒದಗಿಸಿದರು. ಹೀಗಾಗಿ ಹಾಲ್ ಎಂಬ ಹೆಸರಿದ್ದರೂ ಅದು ನಾಲ್ಕು ಗೋಡೆಗಳ ಸಭಾಂಗಣವಲ್ಲ. ಗಾಳಿಬೆಳಕಿಗೆ ತೆರೆದುಕೊಂಡ ಈ ನಡಿಗೆಯ ಹಾದಿಯಲ್ಲಿ ಕಂಬಗಳ ನಡುವೆ ಕಂಚಿನ ಎದೆಮಟ್ಟದ ಪ್ರತಿಮೆಗಳೂ ಅವುಗಳ ಕೆಳಗೆ ಟಿಫಾನಿ ಸ್ಟುಡಿಯೋಸ್ ತಯಾರಿಸಿದ ಕಂಚಿನ ಫಲಕಗಳೂ ಇವೆ.

ಈ ಮಂದಿರದ ನಿಜವಾದ ಹೊಸತನವಿದ್ದುದು ಆಯ್ಕೆಯ ಕ್ರಮದಲ್ಲಿ. ಯುರೋಪಿನಲ್ಲಿ ಇಂಥ ಗೌರವವನ್ನು ಸಾಮಾನ್ಯವಾಗಿ ಅರಸರೋ ಸರ್ಕಾರವೋ ನಿರ್ಧರಿಸುತ್ತಿದ್ದರೆ, ಇಲ್ಲಿ ದೇಶದ ನಾನಾ ರಾಜ್ಯಗಳಿಂದ ಆರಿಸಿದ ಸುಮಾರು 100 ಮಂದಿ ಗಣ್ಯರು ಮೊದಲಿಗೆ ಐದು ವರ್ಷಕ್ಕೊಮ್ಮೆ, ಕೊನೆಕೊನೆಗೆ ಮೂರು ವರ್ಷಕ್ಕೊಮ್ಮೆ ಮತ ಹಾಕುತ್ತಿದ್ದರು; ಹೆಸರು ಪರಿಗಣನೆಗೆ ಬರಬೇಕಾದರೆ ವ್ಯಕ್ತಿ ತೀರಿಕೊಂಡು ಮೊದಲ ನಿಯಮದಂತೆ 10 ವರ್ಷ, ಆಮೇಲಿನ ತಿದ್ದುಪಡಿಯಂತೆ 25 ವರ್ಷ ಕಳೆದಿರಬೇಕಿತ್ತು. ತತ್ಕಾಲದ ಜನಪ್ರಿಯತೆಯ ಅಬ್ಬರ ಇಳಿಯಲಿ ಎಂಬ ಈ ಎಚ್ಚರ ಮೆಚ್ಚತಕ್ಕದ್ದು. 1900ರ ಮೊದಲ ಚುನಾವಣೆಯಲ್ಲಿ ಆಯ್ಕೆಯಾದ 29 ಮಂದಿಯಲ್ಲಿ ಜಾರ್ಜ್ ವಾಷಿಂಗ್ಟನ್ ಒಬ್ಬರಿಗೇ ಎಲ್ಲ 97 ಮತಗಳು ಬಿದ್ದವು.

ಆದರೆ ಮತದಾರರ ಕಣ್ಣಿನ ಮಿತಿಯೂ ಆ ಮೊದಲ ಪಟ್ಟಿಯಲ್ಲೇ ಕಾಣಿಸಿಕೊಂಡಿತು. ಅದರಲ್ಲಿ ಒಬ್ಬ ಮಹಿಳೆಯೂ ಇರಲಿಲ್ಲ. ಅಮೆರಿಕದಲ್ಲಿ ಹುಟ್ಟಿದವರಿಗೆ ಮಾತ್ರ ಪ್ರವೇಶವೆಂಬ ನಿಯಮದಿಂದಾಗಿ, ಆ ದೇಶದ ಹಣಕಾಸು ವ್ಯವಸ್ಥೆಗೆ ತಳಪಾಯ ಹಾಕಿದ, ಆದರೆ ಕೆರಿಬಿಯನ್ ದ್ವೀಪದಲ್ಲಿ ಜನಿಸಿದ ಅಲೆಕ್ಸಾಂಡರ್ ಹ್ಯಾಮಿಲ್ಟನ್ ನಿಯಮ ಸಡಿಲವಾಗುವವರೆಗೆ, ಅಂದರೆ 1915ರವರೆಗೆ, ಹೊರಗೇ ಉಳಿದರು. ಕವಿ, ಕತೆಗಾರ ಎಡ್ಗರ್ ಅಲನ್ ಪೋ ಅವರ ಪ್ರಸಂಗ ಇನ್ನೂ ನೋವಿನದು. ಬದುಕಿನ ಕೊನೆಯ ವರ್ಷಗಳಲ್ಲಿ ಅವರು ಬಡತನದಿಂದ ನಲುಗುತ್ತ, ರೋಗಪೀಡಿತ ಹೆಂಡತಿಯನ್ನು ಕಳೆದುಕೊಂಡ ಪುಟ್ಟ ಮರದ ಮನೆ ಇದ್ದುದು ಇದೇ ಬ್ರಾಂಕ್ಸ್‌ನಲ್ಲಿ, ಮಂದಿರದಿಂದ ಹೆಚ್ಚು ದೂರವಲ್ಲದ ಫೋರ್ಡಮ್‌ನಲ್ಲಿ. ಆದರೂ 1900 ಮತ್ತು 1905ರ ಎರಡೂ ಚುನಾವಣೆಗಳಲ್ಲಿ ಅವರು ಸೋತು, 1910ರಲ್ಲಷ್ಟೇ ಗೆದ್ದರು. ಕೊನೆಯವರೆಗೆ ಆಯ್ಕೆಯಾದ 102 ಮಂದಿಯಲ್ಲಿ ಮಹಿಳೆಯರು 11. ಕಪ್ಪು ಜನಾಂಗದವರು ಬೂಕರ್ ಟಿ. ವಾಷಿಂಗ್ಟನ್ ಮತ್ತು ಜಾರ್ಜ್ ವಾಷಿಂಗ್ಟನ್ ಕಾರ್ವರ್ ಇಬ್ಬರೇ.

ಹಾಗಿದ್ದೂ ದಶಕಗಳ ಕಾಲ ಮಂದಿರದ ಪ್ರತಿಷ್ಠೆ ಕುಂದಲಿಲ್ಲ. ಅಗಸ್ಟಸ್ ಸೇಂಟ್ ಗಾಡೆನ್ಸ್, ಡೇನಿಯಲ್ ಚೆಸ್ಟರ್ ಫ್ರೆಂಚ್ ಅವರಂಥ ಶಿಲ್ಪಿಗಳ ಕೃತಿಗಳು ಇಲ್ಲಿ ಸೇರಿದವು. 1939ರ ‘ದಿ ವಿಜರ್ಡ್ ಆಫ್ ಓಜ್’ ಚಲನಚಿತ್ರದ ಹಾಡೊಂದರಲ್ಲಿ ಹಾಲ್ ಆಫ್ ಫೇಮ್‌ನಲ್ಲಿ ಪ್ರತಿಮೆಯಾಗುವ ಪ್ರಸ್ತಾಪ ಬರುತ್ತದೆ; ವಿವರಣೆಯಿಲ್ಲದೆ ಪ್ರೇಕ್ಷಕರಿಗೆ ಅದು ಅರ್ಥವಾಗುತ್ತಿತ್ತು ಎಂಬುದೇ ಆ ಕಾಲದ ಖ್ಯಾತಿಗೆ ಸಾಕ್ಷಿ. ಅದೇ ವರ್ಷ ಕೂಪರ್ಸ್‌ಟೌನ್‌ನಲ್ಲಿ ಬೇಸ್‌ಬಾಲ್ ಆಟದ ಹಾಲ್ ಆಫ್ ಫೇಮ್ ತೆರೆಯಿತು. ಅಲ್ಲಿಂದಾಚೆಗೆ ಒಂದೊಂದು ಕ್ಷೇತ್ರವೂ ತನ್ನದೇ ಮಂದಿರ ಕಟ್ಟಿಕೊಳ್ಳುತ್ತ ಹೋಯಿತು. ಅಭಿಮಾನಿಗಳ ನೇರ ಒಲವಿದ್ದ ಅಂಥ ಕಡೆ ಸಿಗುತ್ತಿದ್ದ ಹಣ ಮತ್ತು ಜನ, ನೂರು ಗಣ್ಯರು ದೂರದಲ್ಲಿ ಕುಳಿತು ಆರಿಸುತ್ತಿದ್ದ ಬ್ರಾಂಕ್ಸ್‌ನ ಮಂದಿರಕ್ಕೆ ಸಿಗಲಿಲ್ಲ.

ನಿಜವಾದ ಪೆಟ್ಟು ಬಿದ್ದದ್ದು 1973ರಲ್ಲಿ. ಹಣಕಾಸಿನ ಮುಗ್ಗಟ್ಟಿಗೆ ಸಿಲುಕಿದ ನ್ಯೂಯಾರ್ಕ್ ವಿಶ್ವವಿದ್ಯಾಲಯವು ಆ ಆವರಣವನ್ನು ಮಾರಿ ಹೊರನಡೆದಾಗ, ಮೊಗಸಾಲೆಯೂ ಅಲ್ಲಿಗೆ ಬಂದ ಬ್ರಾಂಕ್ಸ್ ಕಮ್ಯುನಿಟಿ ಕಾಲೇಜಿನ ಪಾಲಿಗೆ ಬಂತು. ಸುತ್ತಲಿನ ಬ್ರಾಂಕ್ಸ್ ಬಡತನದಿಂದಲೂ ಬೆಂಕಿ ಅನಾಹುತಗಳಿಂದಲೂ ಕುಸಿಯುತ್ತಿದ್ದ, ನಗರಾಡಳಿತವೇ ದಿವಾಳಿಯ ಅಂಚಿಗೆ ಬಂದಿದ್ದ ಆ ವರ್ಷಗಳಲ್ಲಿ ಪ್ರತಿಮೆಗಳಿಗೆ ಹಣ ಕೊಡುವವರು ಯಾರು? 1976ರಲ್ಲಿ ಕ್ಲಾರಾ ಬಾರ್ಟನ್, ಲೂಥರ್ ಬರ್ಬ್ಯಾಂಕ್, ಆಂಡ್ರ್ಯೂ ಕಾರ್ನೆಗಿ ಆಯ್ಕೆಯಾದದ್ದೇ ಕೊನೆ. ಈ ಮೂವರಿಗೂ 1973ರಲ್ಲಿ ಆಯ್ಕೆಯಾಗಿದ್ದ ನ್ಯಾಯಮೂರ್ತಿ ಲೂಯಿಸ್ ಬ್ರಾಂಡೈಸ್ ಅವರಿಗೂ ಪ್ರತಿಮೆಯಾಗಲೇ ಇಲ್ಲ. ಬ್ರಾಂಡೈಸ್ ಅವರೊಂದಿಗೆ ಗೆದ್ದಿದ್ದ ಅಧ್ಯಕ್ಷ ಫ್ರಾಂಕ್ಲಿನ್ ರೂಸ್‌ವೆಲ್ಟ್ ಅವರ ಪ್ರತಿಮೆ ಸ್ಥಾಪನೆಯಾದದ್ದು 1992ರಲ್ಲಿ.

1980ರ ದಶಕದಲ್ಲಿ ಸರ್ಕಾರದ ಹಣದಿಂದ ಕಂಬಸಾಲು ದುರಸ್ತಿಯಾಯಿತಾದರೂ ಚುನಾವಣೆ ಮರಳಿ ಆರಂಭವಾಗಲಿಲ್ಲ. ಮತ್ತೆ ದೇಶದ ಗಮನ ಇತ್ತ ಹರಿದದ್ದು 2017ರ ಆಗಸ್ಟ್‌ನಲ್ಲಿ, ಷಾರ್ಲಟ್ಸ್‌ವಿಲ್ ನಗರದಲ್ಲಿ ಬಿಳಿಯ ಜನಾಂಗವಾದಿಗಳ ಮೆರವಣಿಗೆಯ ವೇಳೆ ನಡೆದ ಹಿಂಸಾಚಾರದ ಬೆನ್ನಿಗೆ, ಗುಲಾಮಗಿರಿಯನ್ನು ಉಳಿಸಿಕೊಳ್ಳಲು ಪ್ರತ್ಯೇಕಗೊಂಡ ದಕ್ಷಿಣದ ರಾಜ್ಯಗಳ ಸೇನಾನಿಗಳಾಗಿದ್ದ ರಾಬರ್ಟ್ ಲೀ ಮತ್ತು ಸ್ಟೋನ್‌ವಾಲ್ ಜಾಕ್ಸನ್ ಅವರ ಪ್ರತಿಮೆಗಳನ್ನು ತೆಗೆದುಹಾಕಿದಾಗ. ಕಪ್ಪು ಮತ್ತು ಲ್ಯಾಟಿನ್ ಅಮೆರಿಕ ಮೂಲದ ವಿದ್ಯಾರ್ಥಿಗಳೇ ಬಹುಪಾಲು ಇರುವ ಕಾಲೇಜಿನಲ್ಲಿ ಆ ಇಬ್ಬರನ್ನು ಗೌರವಪೀಠದ ಮೇಲೆ ಉಳಿಸಿಕೊಳ್ಳುವುದು ಸಾಧ್ಯವಿರಲಿಲ್ಲ, ಸರಿಯೂ ಆಗುತ್ತಿರಲಿಲ್ಲ. ಉಳಿದ 96 ಪ್ರತಿಮೆಗಳು ಇಂದಿಗೂ ಆ ತೆರೆದ ಮೊಗಸಾಲೆಯಲ್ಲೇ ಇವೆ. ಯಾರು ಮಹಾನ್ ಎಂಬ ತೀರ್ಪಿನ ಮಾತು ಹೇಗೇ ಇರಲಿ, ಅಮೆರಿಕದ ಕಂಚಿನ ಶಿಲ್ಪದ ಅರ್ಧ ಶತಮಾನಕ್ಕೂ ಮಿಕ್ಕಿದ ಸಾಧನೆ ಒಂದೆಡೆ ಸಿಗುವ ಈ ಸಂಗ್ರಹವನ್ನು ಕಾಪಾಡುವ ಹೊಣೆ ಒಂದು ಕಾಲೇಜಿನ ಮೇಲಷ್ಟೇ ಬೀಳಬಾರದು.