ಬ್ರಸೆಲ್ಸ್‌ನ ಮಧ್ಯಾಹ್ನ, ಗುಬ್ಬಿಯ ಸಂಜೆ

ಗುಬ್ಬಿ ತಾಲ್ಲೂಕಿನ ಬಿದರೆಹಳ್ಳ ಕಾವಲ್‌ನಲ್ಲಿ 615 ಎಕರೆಯ ಎಚ್‌ಎಎಲ್ ಹೆಲಿಕಾಪ್ಟರ್ ಕಾರ್ಖಾನೆ 2023ರ ಫೆಬ್ರುವರಿ 6ರಂದು ಉದ್ಘಾಟನೆಯಾಯಿತು. ಅದು ಕಟ್ಟಲು ಹೊರಟ ಎಲ್‌ಯುಎಚ್ ಎಂಬ ಲಘು ಹೆಲಿಕಾಪ್ಟರಿನ ‘ಶಕ್ತಿ’ ಎಂಜಿನ್ ಎಚ್‌ಎಎಲ್ ಮತ್ತು ಫ್ರಾನ್ಸಿನ ಟರ್ಬೊಮೆಕಾ ಕೂಡಿ ರೂಪಿಸಿದ್ದು. ಆ ಫ್ರೆಂಚ್ ಕಂಪನಿ ಇಂದು ಸಫ್ರಾನ್ ಸಮೂಹದಲ್ಲಿದೆ. ಪ್ಯಾರಿಸ್ಸಿನ ರಕ್ಷಣಾ ನೀತಿಯೂ ಯೂರೋದ ಏರಿಳಿತವೂ ಹೀಗೆ ನಮ್ಮೂರಿನ ಸುದ್ದಿಯೇ. ಅಲ್ಲೇ ಇದ್ದು ಅದನ್ನು ನಮಗಾಗಿ ಬಿಡಿಸಿ ಬರೆಯುವವರು ವಿದೇಶಿ ಬಾತ್ಮೀದಾರರು.

ಈ ಕಸುಬಿನಲ್ಲಿ ದೊಡ್ಡ ಹೆಸರು ಉಡುಪಿಯ ಎಂ.ವಿ. ಕಾಮತ್ (1921–2014) ಅವರದು. ವಿಜ್ಞಾನ ಓದಿ, ಕೆಲ ವರ್ಷ ಕೆಮಿಸ್ಟ್ ಆಗಿ ದುಡಿದು, 1946ರಲ್ಲಿ ಮುಂಬಯಿಯ ‘ಫ್ರೀ ಪ್ರೆಸ್ ಜರ್ನಲ್’ ಸೇರಿದರು. ಪಿಟಿಐಗಾಗಿ ವಿಶ್ವಸಂಸ್ಥೆಯಿಂದ, ‘ಟೈಮ್ಸ್ ಆಫ್ ಇಂಡಿಯಾ’ಕ್ಕಾಗಿ ಬಾನ್, ಪ್ಯಾರಿಸ್‌ಗಳಿಂದ, ಮುಂದೆ 1969ರಿಂದ 1978ರವರೆಗೆ ವಾಷಿಂಗ್ಟನ್ನಿನಿಂದ ಬರೆದರು. ಪ್ರಯೋಗಶಾಲೆಯಿಂದ ಹೊರಟ ಮನುಷ್ಯ ಇಷ್ಟು ದೂರ ನಡೆದದ್ದು ನನಗೆ ಇಂದಿಗೂ ಬೆರಗು.

ಈ ಕೆಲಸದ ತಿರುಳು ಏನೆಂಬುದಕ್ಕೆ 1963ರ ಜನವರಿ 14 ಒಳ್ಳೆಯ ಉದಾಹರಣೆ. ಯುರೋಪಿನ ಆರು ದೇಶಗಳ ಸಾಮಾನ್ಯ ಮಾರುಕಟ್ಟೆಗೆ ಬ್ರಿಟನ್ ಸೇರುವುದನ್ನು ಫ್ರಾನ್ಸಿನ ಅಧ್ಯಕ್ಷ ದ ಗಾಲ್ ಅಂದು ಪತ್ರಿಕಾಗೋಷ್ಠಿಯಲ್ಲೇ ತಳ್ಳಿಹಾಕಿದರು. ಅಷ್ಟನ್ನು ಯಾವ ಏಜೆನ್ಸಿಯಾದರೂ ಕಳಿಸೀತು. ಬ್ರಿಟನ್ ಸೇರಿದರೆ ಅಲ್ಲಿನ ಪೇಟೆಯಲ್ಲಿ ನಮ್ಮ ಚಹಾ, ಹತ್ತಿಬಟ್ಟೆ, ತೆಂಗಿನ ನಾರಿನ ಸರಕಿಗಿದ್ದ ಸುಂಕದ ರಿಯಾಯಿತಿ ಹೋಗುತ್ತದೆ ಎಂಬ ಆತಂಕ ದೆಹಲಿಯಲ್ಲಿತ್ತು. ತೆಂಗಿನ ನಾರು ಎಂದಾಗ ಗುಬ್ಬಿಯ ಓದುಗರ ಕಿವಿ ನಿಮಿರುತ್ತದೆ. ಅಲ್ಲಿಯವರೆಗೆ ಸುದ್ದಿಯನ್ನು ಎಳೆದು ತರುವವರೇ ಬಾತ್ಮೀದಾರರು.

ಇಂದಿನ ದಿನಚರಿಯೂ ಬಿಡುವಿಲ್ಲದ್ದೇ. ಬ್ರಸೆಲ್ಸ್‌ನಲ್ಲಿ ಯುರೋಪಿಯನ್ ಕಮಿಷನ್ನಿನ ವಕ್ತಾರರು ಕೆಲಸದ ದಿನಗಳಲ್ಲಿ ಮಧ್ಯಾಹ್ನ 12ಕ್ಕೆ ಪತ್ರಕರ್ತರೆದುರು ಕೂರುತ್ತಾರೆ. ಚಳಿಗಾಲದಲ್ಲಿ ಆಗ ನಮಗೆ ಸಂಜೆ ನಾಲ್ಕೂವರೆ. ಫ್ರಾಂಕ್‌ಫರ್ಟಿನ ಯುರೋಪಿಯನ್ ಸೆಂಟ್ರಲ್ ಬ್ಯಾಂಕ್ ಬಡ್ಡಿದರ ಪ್ರಕಟಿಸುವುದು ಅಲ್ಲಿನ 2.15ಕ್ಕೆ, ಅಂದರೆ ನಮ್ಮ 6.45ಕ್ಕೆ. ಅರ್ಧ ಗಂಟೆ ಕಳೆದು ಬ್ಯಾಂಕಿನ ಅಧ್ಯಕ್ಷರ ಪತ್ರಿಕಾಗೋಷ್ಠಿ. ಅಷ್ಟರಲ್ಲಿ ಜಿಲ್ಲಾ ಆವೃತ್ತಿಯ ಪುಟಗಳು ಕಟ್ಟಿ ಮುಗಿಯುವ ಹೊತ್ತು ಹತ್ತಿರವಾಗಿರುತ್ತದೆ. ಫ್ರೆಂಚ್, ಜರ್ಮನ್ ಬಂದರೆ ಅರ್ಧ ದಾರಿ ಸುಗಮ. ಉಳಿದರ್ಧಕ್ಕೆ ಬಜೆಟ್ ಓದುವ ತಾಳ್ಮೆ ಬೇಕು.

ಕಾಮತರ ಆ ವರದಿಗಳು ಇಂಗ್ಲಿಷಿನವು. ಕನ್ನಡ ಪತ್ರಿಕೆಗೆ ಯುರೋಪ್ ಬರುವುದು ಇಂದಿಗೂ ಹೆಚ್ಚಾಗಿ ಏಜೆನ್ಸಿಯ ತಂತಿಯಲ್ಲಿ. ಡೆಸ್ಕಿನವರು ಅನುವಾದಿಸುತ್ತಾರೆ, ಜಾಗವಿದ್ದಷ್ಟು ಉಳಿಸುತ್ತಾರೆ. ತುಮಕೂರಿನಲ್ಲಿ ಪತ್ರಿಕೋದ್ಯಮ ಓದುತ್ತಿರುವ ಹುಡುಗಿಯೊಬ್ಬಳು ಫ್ರೆಂಚ್ ಕಲಿತು, ಫ್ರಾನ್ಸಿನ ಎಂಜಿನ್ ಕಾರ್ಖಾನೆಯ ಬಾಗಿಲಲ್ಲಿ ನಿಂತು, ಗುಬ್ಬಿಯವರಿಗೆ ಬೇಕಾದ ಪ್ರಶ್ನೆ ಕೇಳಿ, ಉತ್ತರವನ್ನು ನೇರ ಕನ್ನಡದಲ್ಲೇ ಬರೆದು ಕಳಿಸುವುದನ್ನು ಓದುವ ಆಸೆ ನನಗಿದೆ.